ಮುಂಬಡ್ತಿ: ಅರ್ಹತೆಯ ನಿಯಮ, ತಾರತಮ್ಯದ ದೂರು

ಸರ್ಕಾರಿ ಸೇವೆಯಲ್ಲಿ ಮುಂಬಡ್ತಿ ಯಾರ ಹಕ್ಕೂ ಅಲ್ಲ. ಆದರೆ ಮುಂಬಡ್ತಿಗೆ ಪರಿಗಣಿಸಬೇಕೆಂದು ಕೇಳುವುದು ಅರ್ಹನಾದ ಪ್ರತಿಯೊಬ್ಬ ನೌಕರನ ಹಕ್ಕು. ಮುಂಬಡ್ತಿಗೆ ಸಂಬಂಧಿಸಿದ ಸೇವಾ ಕಾನೂನು ಬಹುಮಟ್ಟಿಗೆ ಈ ಎರಡು ಮಾತುಗಳ ನಡುವೆಯೇ ಬೆಳೆದಿದೆ. ಸಂವಿಧಾನದ 16ನೇ ವಿಧಿಯ ಒಂದನೇ ಖಂಡ ಸರ್ಕಾರಿ ಉದ್ಯೋಗದಲ್ಲಿ ಎಲ್ಲ ನಾಗರಿಕರಿಗೂ ಸಮಾನ ಅವಕಾಶ ಇರಬೇಕೆನ್ನುತ್ತದೆ. ಧರ್ಮ, ಜನಾಂಗ, ಜಾತಿ, ಲಿಂಗ, ವಂಶ, ಜನ್ಮಸ್ಥಳ, ವಾಸಸ್ಥಳ ಎಂಬ ಕಾರಣಕ್ಕಷ್ಟೇ ಯಾರನ್ನೂ ಬೇರೆಯಾಗಿ ನೋಡಬಾರದೆಂದು ಎರಡನೇ ಖಂಡ ಹೇಳುತ್ತದೆ. ಉದ್ಯೋಗದ ಅವಕಾಶ ಎಂದರೆ ಮೊದಲ ನೇಮಕಾತಿ ಮಾತ್ರವಲ್ಲ, ಮುಂಬಡ್ತಿಯೂ ಅದರೊಳಗೆ ಸೇರಿದೆ ಎಂದು ಸುಪ್ರೀಂ ಕೋರ್ಟು 1961ರಲ್ಲಿ ದಕ್ಷಿಣ ರೈಲ್ವೆಗೆ ಸಂಬಂಧಿಸಿದ ರಂಗಾಚಾರಿ ಪ್ರಕರಣದಲ್ಲಿ ಹೇಳಿತು. ಪರಿಗಣನೆಯ ಹಕ್ಕು ಮೂಲಭೂತ ಹಕ್ಕೇ ಎಂಬುದನ್ನು 1999ರ ಅಜಿತ್ ಸಿಂಗ್ ತೀರ್ಪು ಸ್ಪಷ್ಟಪಡಿಸಿತು.

ಅರ್ಹತೆ ಎಂಬುದು ಮೇಲಧಿಕಾರಿಯ ಮನಸ್ಸಿನಲ್ಲಿರುವ ಸಂಗತಿಯಲ್ಲ, ಅದು ನಿಯಮದಲ್ಲಿ ಬರೆದಿಟ್ಟ ಸಂಗತಿ. ಸಂವಿಧಾನದ 309ನೇ ವಿಧಿ ಈ ನಿಯಮಗಳಿಗೆ ಬೇರು. ಕರ್ನಾಟಕದಲ್ಲಿ 1978ರ ನಾಗರಿಕ ಸೇವೆಗಳ ಅಧಿನಿಯಮ, 1977ರ ಸಾಮಾನ್ಯ ನೇಮಕಾತಿ ನಿಯಮಗಳು, 1957ರ ಜ್ಯೇಷ್ಠತಾ ನಿಯಮಗಳು ಎಲ್ಲ ಇಲಾಖೆಗಳಿಗೂ ಸಾಮಾನ್ಯವಾದವು. ಇವುಗಳ ಜೊತೆಗೆ ಪ್ರತಿ ಇಲಾಖೆಗೂ ತನ್ನದೇ ವೃಂದ ಮತ್ತು ನೇಮಕಾತಿ ನಿಯಮಗಳಿವೆ. ಯಾವ ವೃಂದದಿಂದ ಯಾವ ವೃಂದಕ್ಕೆ ಏರಬಹುದು, ಕೆಳಗಿನ ಹುದ್ದೆಯಲ್ಲಿ ಎಷ್ಟು ವರ್ಷ ಸೇವೆ ಆಗಿರಬೇಕು, ಯಾವ ವಿದ್ಯಾರ್ಹತೆ ಬೇಕು, ಯಾವ ಇಲಾಖಾ ಪರೀಕ್ಷೆ ಮುಗಿಸಿರಬೇಕು, ಎಷ್ಟು ಪಾಲು ನೇರ ನೇಮಕಾತಿಗೆ, ಎಷ್ಟು ಪಾಲು ಮುಂಬಡ್ತಿಗೆ, ಎಲ್ಲವನ್ನೂ ಅಲ್ಲಿಯೇ ನೋಡಬೇಕು. ನಿಯಮ ಮೌನವಾಗಿರುವ ಕಡೆ ಸರ್ಕಾರ ಆದೇಶದ ಮೂಲಕ ಆ ಜಾಗ ತುಂಬಬಹುದು, ನಿಯಮ ಮಾತಾಡಿರುವ ಕಡೆ ಸುತ್ತೋಲೆಯಿಂದ ಅದನ್ನು ತಿದ್ದುವಂತಿಲ್ಲ. 1967ರ ಸಂತರಾಮ್ ಶರ್ಮಾ ತೀರ್ಪಿನಿಂದ ಬಂದ ಈ ಸೂತ್ರ ಇಂದಿಗೂ ಎಷ್ಟೋ ಅರ್ಜಿಗಳ ಹಣೆಬರಹ ನಿರ್ಧರಿಸುತ್ತದೆ. ತಾರತಮ್ಯವಾಯಿತೆಂದು ದೂರುವ ನೌಕರ ಮೊದಲು ಕೈಗೆತ್ತಿಕೊಳ್ಳಬೇಕಾದ್ದು ತನ್ನ ವೃಂದದ ನಿಯಮವನ್ನೇ. ನಿಯಮದ ಪ್ರಕಾರ ಅರ್ಹತೆಯೇ ಬಂದಿರದಿದ್ದರೆ, ಆ ನಿಯಮವನ್ನೇ ಪ್ರಶ್ನಿಸದ ಹೊರತು ದೂರಿಗೆ ನೆಲೆ ಸಿಗುವುದಿಲ್ಲ.

ಅರ್ಹರ ನಡುವೆ ಆಯ್ಕೆ ಹೇಗೆ ಎಂಬುದು ಮುಂದಿನ ಪ್ರಶ್ನೆ. ಕೆಲವು ಹುದ್ದೆಗಳಿಗೆ ಜ್ಯೇಷ್ಠತೆ-ಸಹ-ಅರ್ಹತೆ ಮಾನದಂಡ, ಕೆಲವಕ್ಕೆ ಪ್ರತಿಭೆಯ ಆಧಾರದ ಆಯ್ಕೆ. ಎರಡೂ ಒಂದೇ ಎಂಬಂತೆ ಕಚೇರಿಗಳಲ್ಲಿ ಮಾತಾಡುವುದುಂಟು, ಆದರೆ ಫಲ ಬೇರೆ ಬೇರೆ. ಜ್ಯೇಷ್ಠತೆ-ಸಹ-ಅರ್ಹತೆ ಇರುವಲ್ಲಿ, ಆಡಳಿತಕ್ಕೆ ಬೇಕಾದ ಕನಿಷ್ಠ ಯೋಗ್ಯತೆ ಇದ್ದರೆ ಸಾಕು, ಹಿರಿಯನೇ ಮುಂದೆ. ಕಿರಿಯ ಅವನಿಗಿಂತ ಚುರುಕು ಎಂಬ ಕಾರಣಕ್ಕೆ ಹಿರಿಯನನ್ನು ಹಿಂದಕ್ಕೆ ಸರಿಸುವಂತಿಲ್ಲ. ಈ ವಿಷಯ ಬೆಳಕಿಗೆ ಬಂದ ಮೊದಲ ಪ್ರಕರಣಗಳಲ್ಲಿ ಒಂದು ಹಳೆಯ ಮೈಸೂರು ರಾಜ್ಯದ್ದು. ಸಂಖ್ಯಾಶಾಸ್ತ್ರ ಇಲಾಖೆಯ ಇಬ್ಬರು ನೌಕರರನ್ನು ಲೆಕ್ಕಕ್ಕೇ ತೆಗೆದುಕೊಳ್ಳದೆ ಅವರಿಗಿಂತ ಕಿರಿಯರಿಗೆ 1959ರಲ್ಲಿ ಮುಂಬಡ್ತಿ ಕೊಡಲಾಗಿತ್ತು. ಆ ಇಬ್ಬರಿಗೆ ಮುಂಬಡ್ತಿ ಕೊಡಿ ಎಂದೇ ಹೈಕೋರ್ಟು ಆದೇಶಿಸಿತು. 1968ರಲ್ಲಿ ಸುಪ್ರೀಂ ಕೋರ್ಟು ಆ ಆದೇಶವನ್ನು ತಿದ್ದಿತು: ಅವರನ್ನು ಪರಿಗಣಿಸದೆ ಬಿಟ್ಟದ್ದು ತಪ್ಪು, ಆದರೆ ಅವರು ಯೋಗ್ಯರೋ ಅಲ್ಲವೋ ಎಂದು ತೂಗುವುದು ಸರ್ಕಾರದ ಕೆಲಸ, ಆ ತೂಕ ನ್ಯಾಯವಾಗಿ ನಡೆಯುವಂತೆ ನೋಡುವುದು ನ್ಯಾಯಾಲಯದ ಕೆಲಸ. ಇವತ್ತು ನ್ಯಾಯಮಂಡಳಿಯಿಂದ ಗೆದ್ದು ಬಂದ ನೌಕರನ ಕೈಯಲ್ಲಿ ಮುಂಬಡ್ತಿಯ ಆದೇಶ ಇರದೆ 'ಪರಿಗಣಿಸಿ' ಎಂಬ ಆದೇಶ ಇರುವುದಕ್ಕೆ ಕಾರಣ ಇದೇ.

ಮೈಸೂರು ರಾಜ್ಯದ ಹೆಸರು ಆ ಕಾಲದ ಸೇವಾ ತೀರ್ಪುಗಳಲ್ಲಿ ಮತ್ತೆ ಮತ್ತೆ ಕಾಣುವುದು ಆಕಸ್ಮಿಕವಲ್ಲ. ರಾಜ್ಯಗಳ ಪುನರ್ವಿಂಗಡಣೆಯಾದ 1956ರ ನವೆಂಬರ್ 1ರಂದು ಮುಂಬೈ, ಹೈದರಾಬಾದ್, ಮದ್ರಾಸ್, ಕೊಡಗು ಕಡೆಗಳಿಂದ ಬಂದ ನೌಕರರೆಲ್ಲ ಮೈಸೂರು ರಾಜ್ಯದ ಒಂದೇ ಸೂರಿನಡಿ ಸೇರಿದರು. ಒಬ್ಬೊಬ್ಬರ ಹಿಂದೆ ಒಂದೊಂದು ಬಗೆಯ ಹುದ್ದೆ, ಸಂಬಳ, ಹಿರಿತನ. ಹಿಂದಿನ ಹೈದರಾಬಾದ್ ರಾಜ್ಯದಿಂದ ಬಂದ, ಎಂಜಿನಿಯರಿಂಗ್ ಇಲಾಖೆಯಲ್ಲಿ ನಕ್ಷೆಗಳ ಪಡಿಯಚ್ಚು ತೆಗೆಯುವ ಟ್ರೇಸರ್‌ಗಳ ಕತೆ ಅದಕ್ಕೊಂದು ಸಾಕ್ಷಿ. ಮೈಸೂರು ಸರ್ಕಾರ ಅವರನ್ನು ಎರಡು ದರ್ಜೆಯಾಗಿ ಒಡೆಯಿತು. ಮೆಟ್ರಿಕ್ ಆದವರಿಗೆ 50ರಿಂದ 120 ರೂಪಾಯಿಯ ಶ್ರೇಣಿ, ಆಗದವರಿಗೆ 40ರಿಂದ 80. ಕೈಕೆಲಸ ಒಂದೇ, ಮೇಜು ಒಂದೇ, ಸಂಬಳ ಎರಡು. ಸುಪ್ರೀಂ ಕೋರ್ಟು ಇದನ್ನು ಎತ್ತಿಹಿಡಿಯಿತು, ವಿದ್ಯಾರ್ಹತೆಯ ಆಧಾರದ ವಿಂಗಡಣೆ ಸಮಾನತೆಗೆ ವಿರುದ್ಧವಲ್ಲ ಎಂದಿತು. ಅದೇ ಕಾಲದ ಇನ್ನೊಂದು ಪ್ರಕರಣದಲ್ಲಿ ಜಿಲ್ಲಾವಾರು ಜ್ಯೇಷ್ಠತೆಯನ್ನು ರಾಜ್ಯಮಟ್ಟದ ಜ್ಯೇಷ್ಠತೆಯಾಗಿ ಬದಲಿಸಿದ್ದರಿಂದ ಕೆಲವು ನೌಕರರು ಪಟ್ಟಿಯಲ್ಲಿ ಬಹಳ ಕೆಳಗಿಳಿದಿದ್ದರು. ಮುಂಬಡ್ತಿಯ ಸಂಭವ ಕಡಿಮೆಯಾದ ಮಾತ್ರಕ್ಕೆ ಸೇವಾ ಷರತ್ತು ಕೆಟ್ಟಿತೆಂದು ಹೇಳಲಾಗದು ಎಂಬ ಉತ್ತರ ಅವರಿಗೆ ಸಿಕ್ಕಿತು. ಹಕ್ಕಿಗೂ ಸಂಭವಕ್ಕೂ ನಡುವೆ ಎಳೆದ ಈ ಗೆರೆ ಕಾನೂನಿನಲ್ಲಿ ಗಟ್ಟಿಯಾಗಿ ನಿಂತಿದೆ. ಅದರ ಕೆಳಗೆ ಸಿಕ್ಕವರ ನಷ್ಟವಂತೂ ನಿಜವಾದದ್ದೇ.

ವಿದ್ಯಾರ್ಹತೆಯ ವಾದ 1974ರಲ್ಲಿ ತ್ರಿಲೋಕಿನಾಥ ಖೋಸಾ ಪ್ರಕರಣದಲ್ಲಿ ಸಂವಿಧಾನ ಪೀಠದ ಮುಂದೆ ಬಂತು. ಜಮ್ಮು ಮತ್ತು ಕಾಶ್ಮೀರದಲ್ಲಿ ಪದವೀಧರರೂ ಡಿಪ್ಲೊಮಾದವರೂ ಒಂದೇ ವೃಂದದಲ್ಲಿ ಸಹಾಯಕ ಎಂಜಿನಿಯರುಗಳಾಗಿದ್ದರು. ಕಾರ್ಯಪಾಲಕ ಎಂಜಿನಿಯರ್ ಹುದ್ದೆಗೆ ಪದವೀಧರರು ಮಾತ್ರ ಏರಬಹುದೆಂದು ಹೊಸ ನಿಯಮ ಹೇಳಿತು. ಒಂದೇ ನೀರಿನಲ್ಲಿ ಬೆರೆತವರನ್ನು ಮತ್ತೆ ಬೇರ್ಪಡಿಸಬಹುದೇ ಎಂಬ ಪ್ರಶ್ನೆಗೆ ನ್ಯಾಯಾಲಯ ಬೇರ್ಪಡಿಸಬಹುದು ಎಂದಿತು, ಮೇಲಿನ ಹುದ್ದೆಯ ದಕ್ಷತೆಗೂ ಆ ವಿದ್ಯಾರ್ಹತೆಗೂ ನಂಟಿರಬೇಕು ಎಂಬ ಷರತ್ತಿನೊಂದಿಗೆ. ಆದರೆ ಅದೇ ತೀರ್ಪಿನ ಜೊತೆಗಿದ್ದ ಸಹಮತದ ಅಭಿಪ್ರಾಯದಲ್ಲಿ ಒಂದು ಎಚ್ಚರಿಕೆಯೂ ಇತ್ತು: ಸಣ್ಣ ಸಣ್ಣ ವ್ಯತ್ಯಾಸ ಹುಡುಕಿ ವಿಂಗಡಿಸುತ್ತಾ ಹೋದರೆ ಸಮಾನತೆಯೇ ಸವೆದು ಹೋಗುತ್ತದೆ. ಷರತ್ತನ್ನು ನೆನಪಿಟ್ಟುಕೊಂಡಷ್ಟು ಈ ಎಚ್ಚರಿಕೆಯನ್ನು ನಿಯಮ ಬರೆಯುವವರು ನೆನಪಿಟ್ಟುಕೊಂಡಿಲ್ಲ.

ಇಷ್ಟು ಹೊತ್ತು ಹೇಳಿದ್ದು ವಿದ್ಯೆ, ಹಿರಿತನಗಳ ಮಾತು. 16ನೇ ವಿಧಿಯ ಎರಡನೇ ಖಂಡ ಹೆಸರಿಸಿ ನಿಷೇಧಿಸಿದ ಕಾರಣವೇ ನಿಯಮದೊಳಗೆ ಕುಳಿತಿದ್ದರೆ? ಅದಕ್ಕೆ ಉದಾಹರಣೆಯಾಗಿ ನಿಂತವರು ಕೊಡಗಿನ ವಿರಾಜಪೇಟೆಯಲ್ಲಿ 1924ರಲ್ಲಿ ಹುಟ್ಟಿದ ಚೋನಿರ ಬೆಳ್ಳಿಯಪ್ಪ ಮುತ್ತಮ್ಮ. ಅವರು 1949ರಲ್ಲಿ ಭಾರತೀಯ ವಿದೇಶಾಂಗ ಸೇವೆ ಸೇರಿದರು, ಆ ಸೇವೆಗೆ ಸೇರಿದ ಮೊದಲ ಮಹಿಳೆ. ಮದುವೆಯಾದರೆ ರಾಜೀನಾಮೆ ಕೊಡುತ್ತೇನೆಂದು ಸೇರುವಾಗಲೇ ಬರೆದುಕೊಡಬೇಕಾಯಿತು. 1961ರ ನಡತೆ ಮತ್ತು ಶಿಸ್ತು ನಿಯಮಗಳ ಪ್ರಕಾರ ಮಹಿಳಾ ಅಧಿಕಾರಿ ಮದುವೆಗೆ ಮುನ್ನ ಸರ್ಕಾರದ ಅನುಮತಿ ಪಡೆಯಬೇಕಿತ್ತು; ಸಂಸಾರದ ಹೊಣೆ ಕೆಲಸಕ್ಕೆ ಅಡ್ಡಿ ಎಂದು ಸರ್ಕಾರಕ್ಕೆ ತೋರಿದರೆ ರಾಜೀನಾಮೆ ಕೇಳಬಹುದಿತ್ತು. ವಿವಾಹಿತ ಮಹಿಳೆಗೆ ಈ ಸೇವೆಗೆ ನೇಮಕಗೊಳ್ಳುವ ಹಕ್ಕೇ ಇಲ್ಲವೆಂದು ನೇಮಕಾತಿ ನಿಯಮ ಹೇಳುತ್ತಿತ್ತು. ಪುರುಷ ಅಧಿಕಾರಿಗೆ ಹೆಂಡತಿ, ಮಕ್ಕಳು, ಮನೆ ಇದ್ದರೆ ಅಡ್ಡಿಯಾಗುತ್ತದೆಂದು ಯಾವ ನಿಯಮವೂ ಹೇಳಿರಲಿಲ್ಲ.

ಹಂಗೇರಿಗೆ ರಾಯಭಾರಿಯಾಗಿ ಕೆಲಸ ಮಾಡಿದ ಮೇಲೂ ಮುತ್ತಮ್ಮನವರಿಗೆ ಸೇವೆಯ ಮೊದಲ ದರ್ಜೆಗೆ ಮುಂಬಡ್ತಿ ನಿರಾಕರಿಸಲಾಯಿತು, ಅವರಿಗಿಂತ ಕಿರಿಯರು ಮೇಲೇರಿದರು. ಅವರು ನೇರವಾಗಿ ಸುಪ್ರೀಂ ಕೋರ್ಟಿಗೆ ಹೋದರು. ಅರ್ಜಿ ಸಲ್ಲಿಕೆಗೂ ವಿಚಾರಣೆಗೂ ನಡುವೆ ಸರ್ಕಾರ ಅವರಿಗೆ ಮುಂಬಡ್ತಿ ಕೊಟ್ಟುಬಿಟ್ಟಿತು. ವಿವಾಹಿತ ಮಹಿಳೆಯ ನೇಮಕಕ್ಕೆ ಅಡ್ಡವಾಗಿದ್ದ ನಿಯಮವನ್ನು ತೆಗೆದುಹಾಕಿದ್ದೇವೆ, ಮದುವೆಯ ಅನುಮತಿಯ ನಿಯಮವನ್ನೂ ತೆಗೆಯುತ್ತಿದ್ದೇವೆ ಎಂದು ನ್ಯಾಯಾಲಯಕ್ಕೆ ತಿಳಿಸಿತು. ಹಾಗಾಗಿ 1979ರ ಸೆಪ್ಟೆಂಬರಿನಲ್ಲಿ ನ್ಯಾಯಮೂರ್ತಿ ವಿ.ಆರ್. ಕೃಷ್ಣ ಅಯ್ಯರ್ ಬರೆದ ತೀರ್ಪು ಲೆಕ್ಕಕ್ಕೆ ಅರ್ಜಿಯನ್ನು ವಜಾ ಮಾಡಿತು. ಆದರೆ ಈ ನಿಯಮಗಳು ಹೆಣ್ಣೆಂಬ ಕಾರಣಕ್ಕೆ ಮಾಡಿದ ತಾರತಮ್ಯವೆಂದು ಅದೇ ತೀರ್ಪು ಮುಚ್ಚುಮರೆಯಿಲ್ಲದೆ ಹೇಳಿತು. ಅಷ್ಟರೊಳಗೆ ಮುಂದೆ ಹೋಗಿದ್ದ ಕಿರಿಯರನ್ನು ಗಮನಿಸಿ ಮುತ್ತಮ್ಮನವರ ಜ್ಯೇಷ್ಠತೆಯನ್ನು ಮತ್ತೆ ಪರಿಶೀಲಿಸಬೇಕೆಂದು ಸರ್ಕಾರಕ್ಕೆ ಸೂಚಿಸಿತು. ಕೆಲವು ತಿಂಗಳ ಹಿರಿತನವೂ ಸೇವೆಯಲ್ಲಿ ಚಿಕ್ಕ ವಿಷಯವಲ್ಲ, ಮುಂದಿನ ಪ್ರತಿಯೊಂದು ಮೆಟ್ಟಿಲಿನಲ್ಲೂ ಅದರ ಲೆಕ್ಕ ಹಿಂಬಾಲಿಸುತ್ತದೆ. ಅರ್ಜಿ ಬಿದ್ದುಹೋದರೂ ನಿಯಮ ಬಿದ್ದುಹೋದದ್ದು ಈ ಪ್ರಕರಣದ ವಿಶೇಷ. ತನ್ನ ಮುಂಬಡ್ತಿಯನ್ನಷ್ಟೇ ಕೇಳದೆ ನಿಯಮದ ಮೇಲೆಯೇ ಕೈಯಿಟ್ಟ ಆ ಧೈರ್ಯಕ್ಕೆ ಅನಂತರ ಬಂದ ಅಧಿಕಾರಿಣಿಯರೆಲ್ಲ ಋಣಿಗಳು. ಮುತ್ತಮ್ಮ ಮುಂದೆ ನೆದರ್ಲೆಂಡ್ಸ್‌ನಲ್ಲಿ ರಾಯಭಾರಿಯಾಗಿದ್ದರು, 2009ರಲ್ಲಿ ಬೆಂಗಳೂರಿನಲ್ಲಿ ತೀರಿಕೊಂಡರು.

ಹೆಣ್ಣಿಗೆ ಮಾತ್ರ ಅನ್ವಯಿಸುವ ನಿಯಮದಲ್ಲಿ ತಾರತಮ್ಯ ಓದಿದ ಕೂಡಲೇ ಕಾಣುತ್ತದೆ. ಎಲ್ಲರಿಗೂ ಒಂದೇ ಅಳತೆ ಎಂದು ಹೇಳುವ ನಿಯಮದಲ್ಲಿ ಅದು ಕಾಣುವುದು ಕಷ್ಟ. ಭೂಸೇನೆಯ ಮಹಿಳಾ ಅಧಿಕಾರಿಗಳ ಪ್ರಕರಣ ಈ ಕಾರಣಕ್ಕೆ ಮುಖ್ಯವಾದದ್ದು. ಅಲ್ಪಾವಧಿ ಸೇವೆಗೆ ಸೇರಿದ ಅವರಿಗೂ ಶಾಶ್ವತ ಆಯೋಗದ, ಎಂದರೆ ನಿವೃತ್ತಿಯವರೆಗೂ ಸೇವೆಯಲ್ಲಿ ಉಳಿಯುವ, ಅವಕಾಶ ಇರಬೇಕೆಂದು 2020ರ ಫೆಬ್ರವರಿ 17ರಂದು ಸುಪ್ರೀಂ ಕೋರ್ಟು ಹೇಳಿತು. ಸೇನೆ ಮೌಲ್ಯಮಾಪನ ನಡೆಸಿತು, ಪುರುಷರಿಗಿದ್ದ ಅಳತೆಯನ್ನೇ ಇಟ್ಟಿತು. ಪುರುಷ ಅಧಿಕಾರಿ ಆ ದೈಹಿಕ ಕ್ಷಮತೆಯ ಪರೀಕ್ಷೆ ಎದುರಿಸಿದ್ದು ತಾರುಣ್ಯದಲ್ಲಿ. ಮಹಿಳೆಯರನ್ನು ಅದೇ ಅಳತೆಗೆ ನಿಲ್ಲಿಸಿದ್ದು ವರ್ಷಗಟ್ಟಲೆ ಕಾದು ನಡುವಯಸ್ಸು ತಲುಪಿದ ಮೇಲೆ. ಗೌಪ್ಯ ವರದಿಗಳ ಕತೆಯೂ ಹಾಗೆಯೇ. ಆ ವರದಿಗಳನ್ನು ಬರೆದ ಕಾಲದಲ್ಲಿ ಮಹಿಳೆಗೆ ಶಾಶ್ವತ ಆಯೋಗದ ದಾರಿಯೇ ಇರಲಿಲ್ಲ, ಆದ್ದರಿಂದ ಬರೆದವರು ಆ ದೃಷ್ಟಿಯಿಂದ ಬರೆದಿರಲೇ ಇಲ್ಲ. 2021ರ ಮಾರ್ಚ್ 25ರ ನಿತೀಶಾ ತೀರ್ಪಿನಲ್ಲಿ ಸುಪ್ರೀಂ ಕೋರ್ಟು ಇದನ್ನು ಪರೋಕ್ಷ ತಾರತಮ್ಯವೆಂದು ಕರೆಯಿತು. ಕೆಡುಕು ಮಾಡುವ ಉದ್ದೇಶ ಇತ್ತೇ ಎಂದು ಹುಡುಕಬೇಕಿಲ್ಲ. ಅಳತೆ ಒಂದು ಗುಂಪಿನ ಮೇಲೆ ಹೆಚ್ಚು ಭಾರವಾಗಿ ಬೀಳುತ್ತದೆಯೇ, ಆ ಗುಂಪು ಮೊದಲೇ ಅನುಭವಿಸಿದ ಅನನುಕೂಲವನ್ನು ಇನ್ನಷ್ಟು ಗಟ್ಟಿ ಮಾಡುತ್ತದೆಯೇ ಎಂದು ನೋಡಬೇಕು. ಭಾರತದ ಸೇವಾ ಕಾನೂನಿಗೆ ಇದು ಹೊಸ ಕಣ್ಣು. ನಾಗರಿಕ ಸೇವೆಯ ಎಷ್ಟೋ ಅರ್ಹತಾ ನಿಯಮಗಳನ್ನು ಈ ಕಣ್ಣಿನಿಂದ ಇನ್ನೂ ನೋಡಬೇಕಾಗಿದೆ.

ಸಮಾನರಲ್ಲದವರಿಗೆ ಒಂದೇ ಅಳತೆ ಇಡುವುದು ಸಮಾನತೆಯೇ ಎಂಬ ಪ್ರಶ್ನೆ ಅದಕ್ಕೂ ಬಹಳ ಹಿಂದೆ ಕೇರಳದ ಗುಮಾಸ್ತರ ಮೂಲಕ ಎದ್ದಿತ್ತು. ಕೆಳದರ್ಜೆ ಗುಮಾಸ್ತ ಮೇಲ್ದರ್ಜೆಗೆ ಏರಲು ಇಲಾಖಾ ಪರೀಕ್ಷೆ ಮುಗಿಸಿರಬೇಕಿತ್ತು. ಪರಿಶಿಷ್ಟ ಜಾತಿ ಮತ್ತು ಪಂಗಡದ ನೌಕರರಿಗೆ ಸರ್ಕಾರ ಆ ಪರೀಕ್ಷೆಯಿಂದ ತಾತ್ಕಾಲಿಕ ವಿನಾಯಿತಿ ಕೊಟ್ಟಿತು. ಮುಂಬಡ್ತಿ ಈಗ, ಪರೀಕ್ಷೆ ಗೊತ್ತಾದ ಅವಧಿಯೊಳಗೆ. ಇದನ್ನು ಪ್ರಶ್ನಿಸಿದ ಎನ್.ಎಂ. ಥಾಮಸ್ ಪ್ರಕರಣದಲ್ಲಿ ಏಳು ನ್ಯಾಯಮೂರ್ತಿಗಳ ಪೀಠ 1975ರಲ್ಲಿ ಬಹುಮತದಿಂದ ವಿನಾಯಿತಿಯನ್ನು ಎತ್ತಿಹಿಡಿಯಿತು. ಮೀಸಲಾತಿ ಸಮಾನ ಅವಕಾಶಕ್ಕೆ ಅಪವಾದವಲ್ಲ, ಅದನ್ನು ಸಾಧಿಸುವ ಒಂದು ದಾರಿ ಎಂಬ ವಿಚಾರ ಬೇರೂರಿದ್ದು ಈ ತೀರ್ಪಿನಿಂದ.

ಕರ್ನಾಟಕದ ಕಚೇರಿಗಳಲ್ಲಿ ಮುಂಬಡ್ತಿ ಎಂದ ಕೂಡಲೇ ನೆನಪಾಗುವುದು ತತ್ಪರಿಣಾಮ ಜ್ಯೇಷ್ಠತೆಯ, ಎಂದರೆ ಮೀಸಲಾತಿಯ ಬಡ್ತಿಯೊಂದಿಗೆ ಬರುವ ಹಿರಿತನದ, ವ್ಯಾಜ್ಯ. ರಾಜ್ಯ ಸರ್ಕಾರ 1978ರ ಏಪ್ರಿಲ್ 27ರ ಆದೇಶದಿಂದ ಮುಂಬಡ್ತಿಯಲ್ಲೂ ಪರಿಶಿಷ್ಟ ಜಾತಿಗೆ ಶೇ. 15, ಪರಿಶಿಷ್ಟ ಪಂಗಡಕ್ಕೆ ಶೇ. 3 ಮೀಸಲಾತಿ ತಂದಿತ್ತು. ರೋಸ್ಟರ್ ಬಿಂದುವಿನ (ಮೀಸಲು ಸರದಿಯ) ಮೇಲೆ ಮೊದಲು ಬಡ್ತಿ ಪಡೆದ ನೌಕರ ಮೇಲಿನ ವೃಂದದಲ್ಲೂ ಮೊದಲಿಗನಾಗಿಯೇ ಉಳಿಯುತ್ತಾನೋ, ಅಥವಾ ಕೆಳಗಿನ ವೃಂದದಲ್ಲಿ ಅವನಿಗಿಂತ ಹಿರಿಯನಾಗಿದ್ದವನು ಆಮೇಲೆ ಬಡ್ತಿ ಪಡೆದು ಬಂದಾಗ ತನ್ನ ಹಳೆಯ ಹಿರಿತನ ಮರಳಿ ಪಡೆಯುತ್ತಾನೋ? ಎರಡನೆಯದೇ ಸರಿ ಎಂದು ಸುಪ್ರೀಂ ಕೋರ್ಟು 1990ರ ದಶಕದಲ್ಲಿ ಹೇಳಿತು. ಸಂಸತ್ತು 2001ರ 85ನೇ ತಿದ್ದುಪಡಿಯ ಮೂಲಕ, 1995ರ ಜೂನ್ 17ರಿಂದಲೇ ಜಾರಿಗೆ ಬರುವಂತೆ, ಮೊದಲನೆಯದಕ್ಕೆ ದಾರಿ ಮಾಡಿಕೊಟ್ಟಿತು. ಕರ್ನಾಟಕ 2002ರಲ್ಲಿ ತನ್ನ ಅಧಿನಿಯಮ ತಂದಿತು.

ಆದರೆ 2006ರ ನಾಗರಾಜ್ ತೀರ್ಪು ಒಂದು ಹೊಣೆ ಹೊರಿಸಿತು: ಹೀಗೆ ಮಾಡುವ ರಾಜ್ಯ ಪ್ರಾತಿನಿಧ್ಯದ ಕೊರತೆಯನ್ನು ಅಂಕಿಅಂಶಗಳಿಂದ ತೋರಿಸಬೇಕು, ಆಡಳಿತ ದಕ್ಷತೆಯನ್ನೂ ಗಮನಿಸಿರಬೇಕು. ಅಂಥ ಅಧ್ಯಯನ ಇಲ್ಲವೆಂಬ ಕಾರಣಕ್ಕೆ 2017ರ ಫೆಬ್ರವರಿ 9ರಂದು ಬಿ.ಕೆ. ಪವಿತ್ರಾ ಪ್ರಕರಣದಲ್ಲಿ 2002ರ ಅಧಿನಿಯಮದ ಮುಖ್ಯ ಕಲಮುಗಳು ಬಿದ್ದುಹೋದವು. ಜ್ಯೇಷ್ಠತಾ ಪಟ್ಟಿಗಳನ್ನು ಹೊಸದಾಗಿ ಬರೆಯಬೇಕಾಯಿತು, ಹಿಂಬಡ್ತಿ ಎಂಬ ಪದ ಪ್ರತಿ ಇಲಾಖೆಯಲ್ಲೂ ಕೇಳಿಬಂತು. ಸರ್ಕಾರ ಹಿರಿಯ ಅಧಿಕಾರಿ ಕೆ. ರತ್ನಪ್ರಭಾ ನೇತೃತ್ವದ ಸಮಿತಿಯಿಂದ ಇಲಾಖೆಗಳ ಅಂಕಿಅಂಶ ತರಿಸಿಕೊಂಡು ಹೊಸ ಕಾಯ್ದೆ ಮಾಡಿತು. 2018ರ ಜೂನಿನಲ್ಲಿ ಅದಕ್ಕೆ ರಾಷ್ಟ್ರಪತಿಗಳ ಅಂಕಿತ ಬಿತ್ತು. 2019ರ ಮೇ 10ರಂದು ಸುಪ್ರೀಂ ಕೋರ್ಟು ಅದನ್ನು ಎತ್ತಿಹಿಡಿಯಿತು. ಎರಡೂ ಕಡೆಯ ನೌಕರರು ಈ ವರ್ಷಗಳನ್ನು ಕಳೆದದ್ದು ಬೇಗುದಿಯಲ್ಲಿ. ಬೇಕಾಗಿದ್ದ ಅಂಕಿಅಂಶವನ್ನು ಮೊದಲೇ ಕಲೆಹಾಕಿದ್ದರೆ ಅದರಲ್ಲಿ ಬಹುಪಾಲು ತಪ್ಪುತ್ತಿತ್ತು. ಆ ಅಂಕಿಅಂಶವನ್ನು ಇಡೀ ಸೇವೆಗಲ್ಲ, ವೃಂದವಾರು ಕಲೆಹಾಕಬೇಕು ಎಂದು 2022ರ ಜನವರಿಯಲ್ಲಿ ಜರ್ನೈಲ್ ಸಿಂಗ್ ಪ್ರಕರಣದಲ್ಲಿ ಬಂದ ತೀರ್ಪು ಹೇಳಿದೆ.

ಅಂಗವಿಕಲ ನೌಕರರ ವಿಷಯದಲ್ಲಿ ಕಾನೂನು ಹೆಚ್ಚು ನೇರವಾಗಿದೆ. 2016ರ ಅಂಗವಿಕಲ ವ್ಯಕ್ತಿಗಳ ಹಕ್ಕುಗಳ ಅಧಿನಿಯಮದ 20ನೇ ಕಲಮು, ಅಂಗವೈಕಲ್ಯದ ಕಾರಣಕ್ಕಷ್ಟೇ ಮುಂಬಡ್ತಿ ನಿರಾಕರಿಸಬಾರದೆನ್ನುತ್ತದೆ. ಅವರಿಗೆ ಮುಂಬಡ್ತಿಯಲ್ಲಿ ಮೀಸಲಾತಿ ಸಲ್ಲುವುದೆಂಬ ನಿಲುವನ್ನು ಮೂವರು ನ್ಯಾಯಮೂರ್ತಿಗಳ ಪೀಠ 2020ರ ಜನವರಿಯಲ್ಲಿ ದೃಢಪಡಿಸಿದ್ದು ಕರ್ನಾಟಕದಿಂದ ಹೋದ ಸಿದ್ದರಾಜು ಪ್ರಕರಣದಲ್ಲಿ.

ನಿಯಮ ನೇರವಾಗಿದ್ದರೂ ಕಡತದೊಳಗೆ ಅನ್ಯಾಯ ನಡೆಯಬಹುದು. ಇಲಾಖಾ ಮುಂಬಡ್ತಿ ಸಮಿತಿ, ಕಚೇರಿಯ ಮಾತಿನಲ್ಲಿ ಡಿಪಿಸಿ, ನೋಡುವುದು ಹೆಚ್ಚಾಗಿ ಕಾರ್ಯನಿರ್ವಹಣಾ ವರದಿಗಳನ್ನು. ಗಡಿ ರಸ್ತೆಗಳ ಸಂಸ್ಥೆಯ ಎಂಜಿನಿಯರೊಬ್ಬರಿಗೆ ಒಂದು ವರ್ಷ 'ಉತ್ತಮ' ಎಂದು ಬರೆದಿದ್ದರು. ಮುಂಬಡ್ತಿಗೆ ಬೇಕಾಗಿದ್ದದ್ದು 'ಅತ್ಯುತ್ತಮ'. ಹೊಗಳಿಕೆಯಂತೆ ಕಾಣುವ ಆ ಒಂದು ಪದ ಅವರ ದಾರಿ ಮುಚ್ಚಿತು, ಅದನ್ನು ಅವರಿಗೆ ತಿಳಿಸಿಯೂ ಇರಲಿಲ್ಲ. 2008ರ ದೇವದತ್ ತೀರ್ಪಿನಿಂದಾಗಿ ಈಗ ಪ್ರತಿಯೊಂದು ನಮೂದನ್ನೂ, ಅದು ಒಳ್ಳೆಯದಿರಲಿ ಕೆಟ್ಟದಿರಲಿ, ನೌಕರನಿಗೆ ತಿಳಿಸಲೇಬೇಕು. ಅದರ ವಿರುದ್ಧ ಮನವಿ ಸಲ್ಲಿಸಲು ಅವನಿಗೆ ಅವಕಾಶ ಇರಬೇಕು. ಇಲಾಖಾ ವಿಚಾರಣೆ ಎದುರಿಸುವವನ ಬಗೆಗಿನ ಸಮಿತಿಯ ತೀರ್ಮಾನವನ್ನು ಮುಚ್ಚಿದ ಲಕೋಟೆಯಲ್ಲಿಡುವ ಪದ್ಧತಿಗೂ ಮಿತಿ ಇದೆ. ದೋಷಾರೋಪಣಾ ಪಟ್ಟಿ ಜಾರಿಯಾದ ಮೇಲೆ ಮಾತ್ರ ಲಕೋಟೆ ಮುಚ್ಚಬಹುದು, ಬರಿಯ ದೂರು ಅಥವಾ ಪ್ರಾಥಮಿಕ ತನಿಖೆ ಸಾಲದು ಎಂದು 1991ರ ಜಾನಕಿರಾಮನ್ ತೀರ್ಪು ಹೇಳಿದೆ.

ಹುದ್ದೆ ಖಾಲಿಯಾದಾಗ ಇದ್ದ ನಿಯಮವೇ ತನಗೆ ಸಲ್ಲಬೇಕು ಎಂಬ ವಾದ 1983ರ ರಂಗಯ್ಯ ತೀರ್ಪಿನ ಬಲದಿಂದ ಸುಮಾರು ನಾಲ್ಕು ದಶಕ ನಡೆಯಿತು. 2022ರ ಮೇ 20ರಂದು ಹಿಮಾಚಲ ಪ್ರದೇಶದ ಪ್ರಕರಣವೊಂದರಲ್ಲಿ ಸುಪ್ರೀಂ ಕೋರ್ಟು ಅದನ್ನು ಕೈಬಿಟ್ಟಿತು. ಪರಿಗಣಿಸುವ ಹೊತ್ತಿಗೆ ಯಾವ ನಿಯಮ ಜಾರಿಯಲ್ಲಿದೆಯೋ ಅದರಂತೆ ಪರಿಗಣಿಸಿದರೆ ಸಾಕು. ಡಿಪಿಸಿ ಸಭೆಯನ್ನು ಮುಂದೂಡುತ್ತಾ ಹೋಗುವ ಇಲಾಖೆಗಳಲ್ಲಿ ಇದರ ಬಿಸಿ ಬಹಳ.

ಇನ್ನು ದೂರಿನ ದಾರಿ. ಕರಡು ಜ್ಯೇಷ್ಠತಾ ಪಟ್ಟಿ ಬಂದಾಗಲೇ ಆಕ್ಷೇಪಣೆ ಸಲ್ಲಿಸುವುದು ಮೊದಲ ಹೆಜ್ಜೆ. ಅಂತಿಮ ಪಟ್ಟಿ ಪ್ರಕಟವಾಗಿ ವರ್ಷಗಳಾದ ಮೇಲೆ ಅದನ್ನು ಅಲುಗಿಸಲು ನ್ಯಾಯಾಲಯಗಳು ಒಪ್ಪುವುದಿಲ್ಲ. ಆಮೇಲೆ ಇಲಾಖೆಗೆ ಮನವಿ, ಅನಂತರ ಆಡಳಿತ ನ್ಯಾಯಮಂಡಳಿ. 1985ರ ಅಧಿನಿಯಮದಡಿ ಕರ್ನಾಟಕದಲ್ಲಿ 1986ರಿಂದ ಈ ಮಂಡಳಿ ಇದೆ, ನೌಕರರ ಬಾಯಲ್ಲಿ ಅದು ಕೆಎಟಿ. ಅಂತಿಮ ಆದೇಶ ಬಂದ ಒಂದು ವರ್ಷದೊಳಗೆ ಅರ್ಜಿ ಹಾಕಬೇಕು. ಮನವಿಗೆ ಉತ್ತರವೇ ಬಾರದಿದ್ದರೆ ಆರು ತಿಂಗಳು ಕಾದು, ಅಲ್ಲಿಂದ ಒಂದು ವರ್ಷದೊಳಗೆ. ಮಂಡಳಿಯ ತೀರ್ಪಿನ ಮೇಲೆ ಹೈಕೋರ್ಟಿನ ವಿಭಾಗೀಯ ಪೀಠಕ್ಕೆ ಹೋಗಬಹುದೆಂದು 1997ರ ಚಂದ್ರಕುಮಾರ್ ತೀರ್ಪು ತೆರೆದಿಟ್ಟಿದೆ. ಯಾವ ಹಂತದಲ್ಲೂ ತಡ ಮಾಡುವಂತಿಲ್ಲ: ಕಿರಿಯನಿಗೆ ಬಡ್ತಿ ಸಿಕ್ಕ 14 ವರ್ಷಗಳ ನಂತರ ಬಂದ ತಮಿಳುನಾಡಿನ ನೌಕರನೊಬ್ಬನನ್ನು ಸುಪ್ರೀಂ ಕೋರ್ಟು ಬರಿಗೈಯಲ್ಲಿ ಕಳಿಸಿತ್ತು.

ಅರ್ಜಿಯಲ್ಲಿ ಅನ್ಯಾಯವಾಯಿತೆಂಬ ಅಳಲೊಂದೇ ಇದ್ದರೆ ಸಾಲದು. ತನ್ನಂತೆಯೇ ಇದ್ದ ಯಾರನ್ನು ಬೇರೆಯಾಗಿ ನೋಡಲಾಯಿತು, ಯಾವ ಕಾರಣಕ್ಕೆ, ಆ ಕಾರಣಕ್ಕೂ ಹುದ್ದೆಯ ಕೆಲಸಕ್ಕೂ ಏಕೆ ನಂಟಿಲ್ಲ ಎಂದು ತೋರಿಸಬೇಕು. ಮುಂದೆ ಹೋದ ಕಿರಿಯರನ್ನು ಪ್ರತಿವಾದಿಗಳನ್ನಾಗಿ ಸೇರಿಸಿಕೊಳ್ಳದಿದ್ದರೆ ಅರ್ಜಿ ಅಲ್ಲಿಯೇ ಮುಗ್ಗರಿಸುತ್ತದೆ, ಅವರ ಮಾತು ಕೇಳದೆ ಅವರ ಹುದ್ದೆ ಅಲುಗಿಸುವಂತಿಲ್ಲ. ಗೆದ್ದರೆ ಸಿಗುವುದು ಪುನರ್‌ಪರಿಶೀಲನಾ ಡಿಪಿಸಿ. ಅದು ಅಂದಿನ ದಿನಾಂಕದಲ್ಲೇ ಕುಳಿತಂತೆ ಭಾವಿಸಿ, ಅಂದಿನ ದಾಖಲೆಗಳನ್ನೇ ನೋಡಿ ನಿರ್ಧರಿಸಬೇಕು. ಯೋಗ್ಯನೆಂದು ಕಂಡರೆ ಕಿರಿಯನಿಗೆ ಬಡ್ತಿ ಸಿಕ್ಕ ದಿನದಿಂದಲೇ ಹಿರಿತನ ಮರಳುತ್ತದೆ. ಕೆಲಸ ಮಾಡದ ಅವಧಿಗೆ ಸಂಬಳವಿಲ್ಲ ಎಂಬ ಸಾಮಾನ್ಯ ನಿಯಮವನ್ನು ಸರ್ಕಾರ ಮುಂದಿಡುವುದುಂಟು. ಆದರೆ ದುಡಿಯಲು ಸಿದ್ಧನಿದ್ದವನನ್ನು ಅವನದಲ್ಲದ ತಪ್ಪಿಗೆ ಸರ್ಕಾರವೇ ಹೊರಗಿಟ್ಟಿದ್ದರೆ ಆ ನಿಯಮ ಸಲ್ಲದು ಎಂಬ ಮಾತು ಜಾನಕಿರಾಮನ್ ತೀರ್ಪಿನಲ್ಲೇ ಇದೆ. ನಿವೃತ್ತಿಯ ನಂತರ ತೀರ್ಪು ಬಂದ ಪಕ್ಷದಲ್ಲಿ ಮುಂಬಡ್ತಿ ಕಾಲ್ಪನಿಕವಾಗಿ ಸಿಗುತ್ತದೆ. ನೌಕರ ಆ ಕುರ್ಚಿಯಲ್ಲಿ ಒಂದು ದಿನವೂ ಕೂರುವುದಿಲ್ಲ, ಆದರೆ ವೇತನ ನಿಗದಿಯಾಗುವುದು ಆ ಹುದ್ದೆಯದ್ದೇ, ಪಿಂಚಣಿಯ ಲೆಕ್ಕ ಹಾಕುವುದೂ ಅದರ ಮೇಲೆಯೇ.